ಕರೆಗೆ ಬಂದವನು

ನಮ್ಮ ಬೀದಿಯವರು ನನ್ನನ್ನು ಛತ್ರಿ ಎನ್ನುತ್ತಾರೆ. ಅದರಲ್ಲಿ ಕಸುಬೆಷ್ಟು, ಬೈಗುಳವೆಷ್ಟು ಎಂದು ನಾನು ವಿಚಾರಿಸಲು ಹೋಗಿಲ್ಲ. ಮನೆಯ ಮೆಟ್ಟಿಲ ಕೆಳಗಿನ ಗೂಡಿನಂಥ ಅಂಗಡಿಯಲ್ಲಿ ಕೂತು ಛತ್ರಿ ರಿಪೇರಿ ಮಾಡುತ್ತೇನೆ. ಬಾಗಿದ ಕಡ್ಡಿ ನೆಟ್ಟಗೆ ಮಾಡುತ್ತೇನೆ, ಹರಿದ ಬಟ್ಟೆಗೆ ಹೊಲಿಗೆ ಹಾಕುತ್ತೇನೆ, ಸ್ಪ್ರಿಂಗ್ ಸತ್ತ ಹಿಡಿಗೆ ಹೊಸ ಸ್ಪ್ರಿಂಗ್ ಕೂರಿಸುತ್ತೇನೆ. ಇದಿಷ್ಟು ನನ್ನ ಪರಿಚಯ. ಇನ್ನೊಂದಿದೆ. ಅದನ್ನು ನಾನು ಹೇಳದಿದ್ದರೂ ಎದುರಿನ ಬೇಕರಿಯವನು ಹೇಳಿಯೇ ಹೇಳುತ್ತಾನೆ: ನಾನು ಈ ಮನೆಗೆ ಕರೆಸಿಕೊಂಡು ಬಂದವನು.

ಊಟಕ್ಕೆ ಕರೆದರು, ಮದುವೆಗೆ ಕರೆದರು ಎನ್ನುತ್ತಾರಲ್ಲ, ಆ ಕರೆಯಲ್ಲ ಇದು. ನನ್ನ ಹೆಂಡತಿ ಕರೆದರೆ ಬರುತ್ತಿತ್ತು. ಏನು ಬರುತ್ತಿತ್ತು ಎಂದರೆ, ಏನನ್ನು ಕರೆದಳೋ ಅದು. ತಪ್ಪಿಸಿಕೊಂಡ ಬೆಕ್ಕು, ಹಾರಿಹೋದ ಗಿಳಿ, ರಚ್ಚೆ ಹಿಡಿದ ಕೂಸಿನ ನಿದ್ದೆ, ಜ್ವರ ಬಂದು ಮಲಗಿದವರ ಹಸಿವು. ಜನ ಬಂದು ಕಷ್ಟ ಹೇಳಿಕೊಂಡರೆ ಅವಳು ಒದ್ದೆ ಕೈ ಒರೆಸಿಕೊಂಡು, ಹೊಸ್ತಿಲಲ್ಲಿ ನಿಂತು, ಬೀದಿಯ ಕಡೆ ಮುಖ ಮಾಡಿ "ಬಾ" ಎನ್ನುತ್ತಿದ್ದಳು. ದನಿ ಎತ್ತರಿಸುತ್ತಿರಲಿಲ್ಲ. ಪಕ್ಕದ ಕೋಣೆಯಲ್ಲಿ ಇರುವವರಿಗೆ ಹೇಳಿದ ಹಾಗೆ ಹೇಳುತ್ತಿದ್ದಳು. ಸ್ವಲ್ಪ ಹೊತ್ತಿಗೆ ಬೀದಿಯ ತುದಿಯಲ್ಲಿ ಬಾಲ ಎತ್ತಿಕೊಂಡು ಬೆಕ್ಕು ಕಾಣಿಸುತ್ತಿತ್ತು. ಎಲ್ಲೋ ಅಲೆಯಲು ಹೋಗಿದ್ದ ನಿದ್ದೆ ಬಂದು ಕೂಸಿನ ರೆಪ್ಪೆಯ ಮೇಲೆ ಕೂರುತ್ತಿತ್ತು. ಒಂದು ಬೇಸಿಗೆಯಲ್ಲಿ ಸೆಕೆ ತಾಳಲಾರದೆ ಅವಳು ಗಾಳಿಯನ್ನೇ ಕರೆದಳು. ಅಂದಿನಿಂದ ಪ್ರತಿ ಮಧ್ಯಾಹ್ನ ನಮ್ಮ ಬೀದಿಗೆ ಮಾತ್ರ ಒಂದು ತಂಗಾಳಿ ಬರುತ್ತಿತ್ತು. ಹಗ್ಗದ ಮೇಲಿನ ಬಟ್ಟೆಗಳನ್ನು ಅಲ್ಲಾಡಿಸಿ, ನಾನು ಬಿಚ್ಚಿಟ್ಟ ಛತ್ರಿಗಳನ್ನು ಒಂದು ಸುತ್ತು ತಿರುಗಿಸಿ ಹೋಗುತ್ತಿತ್ತು. ಪಕ್ಕದ ಬೀದಿಯವರಿಗೆ ಹೊಟ್ಟೆಕಿಚ್ಚು.

ಅದು ಅವರ ಮನೆತನದ ಹೆಂಗಸರಿಗೆ ಬಂದ ವಿದ್ಯೆ. ಅವಳ ತಾಯಿಗಿತ್ತು, ಅಜ್ಜಿಗಿತ್ತು. ಅದರ ಕಟ್ಟಳೆ ಒಂದೇ: ಕರೆದವಳ ದನಿ ಇರುವ ತನಕ ಬಂದದ್ದು ಇರುತ್ತದೆ. ದನಿ ನಿಂತ ಮೇಲೆ ಅದು ತನ್ನ ದಾರಿ ಹಿಡಿಯುತ್ತದೆ.

ನಾನು ಬಂದದ್ದು ಹೀಗೆ. ಆಗ ನಾನು ಕಾಲಿಗೆ ಚಕ್ರ ಕಟ್ಟಿಕೊಂಡವನು. ಭುಜಕ್ಕೊಂದು ಚೀಲ, ಅದರಲ್ಲಿ ಇಕ್ಕಳ, ತಂತಿ, ಸೂಜಿದಾರ. ಬೀದಿ ಬೀದಿಯಲ್ಲಿ ಕೂಗಿಕೊಂಡು ಊರಿಂದ ಊರಿಗೆ ಹೋಗುತ್ತಿದ್ದೆ. ಒಂದೇ ಊರಿನಲ್ಲಿ ನಾಲ್ಕು ದಿನ ಇದ್ದರೆ ಅಂಗಾಲು ತುರಿಸುತ್ತಿತ್ತು. ಆ ದಿನ ಈ ಬೀದಿ ಮುಗಿಸಿ, ಮೂಲೆಯ ನಲ್ಲಿಯ ಹತ್ತಿರ ತಿರುಗಿ, ಸೇತುವೆಯ ಕಡೆ ಹೊರಟಿದ್ದೆ. ಸೇತುವೆ ದಾಟಿದರೆ ಬೇರೆ ಊರು. ಹೋಗುವ ಮುಂಚೆ ಕೊನೆಯದಾಗಿ ಒಂದು ಸಲ ಕೂಗೋಣ ಎಂದು ಬಾಯಿ ತೆರೆದೆ. "ಛತ್ರಿ ರಿಪೇ..." ಅನ್ನುವಷ್ಟರಲ್ಲಿ ಹಿಂದಿನಿಂದ ಒಂದು ದನಿ ಕೇಳಿತು. "ಬನ್ನಿ ಇಲ್ಲಿ."

ಕೂಗು ಗಂಟಲಲ್ಲೇ ಅರ್ಧಕ್ಕೆ ನಿಂತಿತು. ಕಾಲು ತಿರುಗಿತು. ನಾನು ತಿರುಗಿಸಿದೆನೋ, ಅದಾಗಿಯೇ ತಿರುಗಿತೋ, ಆಗ ಯೋಚಿಸಲಿಲ್ಲ. ಬಾಗಿಲಲ್ಲಿ ಅವಳು ಒಂದು ಕೈಯಲ್ಲಿ ಛತ್ರಿ ಹಿಡಿದು, ಇನ್ನೊಂದು ಕೈಯಿಂದ ಬಾಯಿ ಮುಚ್ಚಿಕೊಂಡು ನಿಂತಿದ್ದಳು. ಮುಖ ಕೆಂಪೇರಿತ್ತು. ಛತ್ರಿ ಹೊಚ್ಚಹೊಸದು, ಆದರೆ ಒಂದು ಕಡ್ಡಿ ನಟ್ಟನಡುವೆ ಮುರಿದಿತ್ತು.

"ಇದು ಗಾಳಿಗೆ ಮುರಿದದ್ದಲ್ಲವಲ್ಲ," ಎಂದೆ, ತಿರುವಿ ನೋಡಿ. "ಗಾಳಿಗಾದ್ರೆ ಕೀಲಿನ ಹತ್ರ ಬಾಗುತ್ತೆ."

"ನೀವು ರಿಪೇರಿ ಮಾಡೋಕೆ ಬಂದಿದ್ದೀರೋ, ವಿಚಾರಣೆ ಮಾಡೋಕೋ?" ಎಂದಳು.

ಕಡ್ಡಿ ಬದಲಾಯಿಸಿ ಕೊಟ್ಟೆ. ಅವಳ ತಾಯಿ ಟೀ ಕೊಟ್ಟರು. ಚೀಲವನ್ನು ಬಾಗಿಲ ಪಕ್ಕದ ಮೊಳೆಗೆ ನೇತುಹಾಕಿದೆ. ಆಮೇಲೆ ಅದನ್ನು ತೆಗೆಯಬೇಕೆಂದು ಅನಿಸಲೇ ಇಲ್ಲ. ಮದುವೆಯಾಯಿತು, ಮೆಟ್ಟಿಲ ಕೆಳಗೆ ಅಂಗಡಿಯಾಯಿತು. ಅಂಗಡಿ ಇಟ್ಟವನಿಗೆ ಕೂಗುವ ಕೆಲಸವಿಲ್ಲ. ನನ್ನ ಕೂಗು ಅರ್ಧಕ್ಕೆ ನಿಂತದ್ದು ನಿಂತೇ ಹೋಯಿತು.

ಬೀದಿಗೆ ಮಾತ್ರ ಬಾಯಿ ತುಂಬ ಮಾತು ಸಿಕ್ಕಿತು. ಬೇಕರಿಯವನು ದಿನಾ ಕೇಳುತ್ತಿದ್ದ, "ಏನಪ್ಪಾ ಛತ್ರಿ, ಮನೆಗೆ ನೀನೇ ಹೋಗ್ತಿದ್ದೀಯೋ, ಕರೆಸ್ಕೊಂಡು ಹೋಗ್ತಿದ್ದೀಯೋ?" ನಾನೂ ನಗುತ್ತಿದ್ದೆ. ಮಾವನ ವಿಷಯ ಆಗುವ ತನಕ ನಗುವುದು ಕಷ್ಟವಾಗಿರಲಿಲ್ಲ.

ನನ್ನ ಅತ್ತೆಯೂ ಮಾವನನ್ನು ಹೀಗೆಯೇ ಕರೆದು ತಂದವರು. ಮಾವ ಬಡಗಿ, ಮಾತು ಕಡಿಮೆ. ಅತ್ತೆ ಹಾಸಿಗೆ ಹಿಡಿದಾಗ ಅವರ ಕೈ ಹಿಡಿದುಕೊಂಡು, "ನಾನೆಲ್ಲಿಗೂ ಹೋಗಲ್ಲ, ಇದೇ ಕುರ್ಚಿಯಲ್ಲಿ ಕೂತಿರ್ತೀನಿ" ಎಂದು ಆಣೆ ಮಾಡಿದರು. ಕಿಟಕಿಯ ಹತ್ತಿರದ ಆ ಕುರ್ಚಿಯನ್ನು ಅವರೇ ಮಾಡಿದ್ದು. ಅತ್ತೆ ತೀರಿಕೊಂಡ ಮರುದಿನ ಮಾವ ಮೇಜಿನ ಮುಂದೆ ಕೂತು ಸೂಪಿಗೆ ಬ್ರೆಡ್ ಅದ್ದುತ್ತಿದ್ದವರು ಅದನ್ನು ಕೆಳಗಿಟ್ಟರು. ಎದ್ದು ಚಪ್ಪಲಿ ಮೆಟ್ಟಿದರು.

"ಮಾವ, ಎಲ್ಲಿಗೆ?" ಎಂದೆ.

ಅವರ ಮುಖದಲ್ಲಿ ದುಃಖವಿರಲಿಲ್ಲ, ಸಂತೋಷವೂ ಇರಲಿಲ್ಲ. ಒಲೆಯ ಮೇಲೆ ಹಾಲಿಟ್ಟದ್ದು ನೆನಪಾದವರ ಮುಖ. "ಒಂದು ಕೆಲಸ ಅರ್ಧಕ್ಕೆ ಬಿಟ್ಟು ಬಂದಿದ್ದೆ ಕಣಪ್ಪ," ಎಂದರು. ಹೋದರು. ಮತ್ತೆ ಬರಲಿಲ್ಲ.

ನನ್ನ ಹೆಂಡತಿ ತಂದೆ ಹೋದ ದಾರಿಯನ್ನು ನೋಡಲಿಲ್ಲ, ನನ್ನನ್ನು ನೋಡಿದಳು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ, ಹಾಗೆ ನಾನು ನನ್ನ ಕಾಲು ನೋಡಿಕೊಂಡೆ. ಆ ವಿಷಯವನ್ನು ನಾವಿಬ್ಬರೂ ಬಾಯಿಬಿಟ್ಟು ಆಡಲಿಲ್ಲ. ಅದು ಮನೆಯೊಳಗೆ ನಮ್ಮ ಜೊತೆ ಉಂಡು ಮಲಗಿ ಎದ್ದುಕೊಂಡಿತ್ತು.

ಅಂದಿನಿಂದ ಅವಳು ಮನೆಯವರನ್ನು ಕರೆಯುವುದನ್ನೇ ಬಿಟ್ಟಳು. ಊಟಕ್ಕೆ ಹೊತ್ತಾದರೆ ತಟ್ಟೆಯ ಮೇಲೆ ಚಮಚ ಬಡಿಯುತ್ತಿದ್ದಳು. ಕೇಳಿಸಿದವರು ಬರಬಹುದು, ಬೇಡವಾದವರು ಬಿಡಬಹುದು. ಮಗಳು ಹುಟ್ಟಿದಳು, ಬೆಳೆದಳು, ಬೀದಿಯಲ್ಲಿ ಆಡಿದಳು. ಸಂಜೆ ಒಂದೊಂದು ಬಾಗಿಲಿಂದ ಒಬ್ಬೊಬ್ಬ ತಾಯಿ ಕೂಗುತ್ತಿದ್ದಳು, ಮಕ್ಕಳು ಒಬ್ಬೊಬ್ಬರಾಗಿ ಕರಗುತ್ತಿದ್ದರು. ಕೊನೆಗೆ ನಮ್ಮದೊಂದೇ ಉಳಿಯುತ್ತಿತ್ತು. ನನ್ನ ಹೆಂಡತಿ ನಲ್ಲಿಯ ಹತ್ತಿರ ಕೈಕಟ್ಟಿ ಸುಮ್ಮನೆ ನಿಂತಿರುತ್ತಿದ್ದಳು.

ಒಮ್ಮೆ ಮಗಳು ಅತ್ತುಕೊಂಡು ಕೇಳಿಯೇಬಿಟ್ಟಳು. "ಊರವರ ಬೆಕ್ಕನ್ನೆಲ್ಲ ಕರೀತೀಯ, ನನ್ನನ್ನ ಯಾಕಮ್ಮ ಕರೆಯಲ್ಲ?"

"ನಾನು ಕರೆದ್ರೆ ನೀನು ಬರ್ಲೇಬೇಕು ಪುಟ್ಟಿ. ಬರ್ಲೇಬೇಕು ಅಂತ ಬಂದವರು ನಿಜವಾಗಿ ಬಂದ್ರೋ ಇಲ್ವೋ ಅಂತ ಜನ್ಮದಲ್ಲಿ ಗೊತ್ತಾಗಲ್ಲ. ನೀನಾದ್ರೂ ನೀನಾಗಿ ಬರೋದು ನೋಡ್ಬೇಕು ನನಗೆ."

ನಾನು ಅಲ್ಲೇ ಕೂತು ಸೂಜಿಗೆ ದಾರ ಪೋಣಿಸುತ್ತಿದ್ದೆ. ಸೂಜಿಯ ಕಣ್ಣು ಸಿಗಲಿಲ್ಲ.

ಆ ಮಗಳು ಈಗ ರೈಲ್ವೆ ಸ್ಟೇಷನ್ನಿನಲ್ಲಿ ಮೈಕಿನ ಮುಂದೆ ಕೂತು ರೈಲುಗಳು ಬರುವುದನ್ನು ಹೇಳುವ ಕೆಲಸದಲ್ಲಿದ್ದಾಳೆ. ಅವಳು ಸೇರಿದ ಮೇಲೆ ಅಲ್ಲಿ ಒಂದು ರೈಲೂ ತಡವಾಗಿಲ್ಲ. ಮೇಲಿನವರು ಸ್ಟೇಷನ್ ಮಾಸ್ತರರಿಗೆ ಪದಕ ಕೊಟ್ಟಿದ್ದಾರೆ. ನಾವು ಬಾಯಿ ಮುಚ್ಚಿಕೊಂಡಿದ್ದೇವೆ.

ಹೋದ ವರ್ಷ ನನ್ನ ಹೆಂಡತಿಯ ದನಿ ಒಡೆಯತೊಡಗಿತು. ಮೊದಲು ಶೀತ ಎಂದುಕೊಂಡೆವು. ಅವಳು ಕರೆದ ಬೆಕ್ಕುಗಳು ಬೀದಿಯ ಅರ್ಧಕ್ಕೆ ಬಂದು, ಕಿವಿ ನಿಮಿರಿಸಿ, ಯಾರು ಕರೆದದ್ದು ಎಂದು ಅನುಮಾನದಿಂದ ನಿಲ್ಲುತ್ತಿದ್ದವು. ಆಸ್ಪತ್ರೆಗೆ ಕರೆದುಕೊಂಡು ಹೋದೆ. ಡಾಕ್ಟರು ಸಣ್ಣ ವಯಸ್ಸಿನವಳು, ಸುತ್ತಿಬಳಸದೆ ಹೇಳಿದಳು. "ಗಂಟಲಲ್ಲಿ ಗಂಟಿದೆ ಅಮ್ಮ. ತೆಗೀಲೇಬೇಕು. ತೆಗೆದ್ರೆ ಜೀವ ಉಳಿಯುತ್ತೆ, ದನಿ ಉಳಿಯಲ್ಲ."

"ಯೋಚನೆ ಮಾಡಿ ಹೇಳ್ತೀನಿ," ಎಂದಳು ನನ್ನ ಹೆಂಡತಿ.

"ಇದರಲ್ಲಿ ಯೋಚನೆ ಮಾಡೋಕೆ ಏನಿದೆ?" ಎಂದು ಡಾಕ್ಟರು ನನ್ನ ಮುಖ ನೋಡಿದಳು. ಏನಿದೆ ಎಂದು ನನಗೆ ಗೊತ್ತಿತ್ತು. ಬಸ್ಸಿನಲ್ಲಿ ದಾರಿಯುದ್ದಕ್ಕೂ ನನಗೆ ಸಿಟ್ಟು ಕುದಿಯುತ್ತಿತ್ತು. ಅವಳ ಮೇಲೋ, ನನ್ನ ಕಾಲಿನ ಮೇಲೋ ತಿಳಿಯಲಿಲ್ಲ.

ಮನೆಗೆ ಬಂದು ಅಡುಗೆಮನೆಯಲ್ಲಿ ಕೇಳಿದೆ. "ಏನೇ ನಿನ್ನ ಯೋಚನೆ?"

"ಏನಿಲ್ಲ. ನೀವು ಈರುಳ್ಳಿ ಹೆಚ್ಚಿ."

ಹೆಚ್ಚಿದೆ. ಈರುಳ್ಳಿ ಇದ್ದದ್ದು ಒಳ್ಳೆಯದಾಯಿತು, ಇಬ್ಬರಿಗೂ ನೆಪ ಸಿಕ್ಕಿತು. "ದನಿ ಹೋದ್ರೆ ನಾನೂ ಹೋಗ್ತೀನಿ ಅಂತ ತಾನೆ?" ಎಂದೆ.

ಅವಳು ಒಲೆಯ ಕಡೆ ತಿರುಗಿಕೊಂಡಳು. "ಅಪ್ಪ ಆಣೆ ಮಾಡಿದ್ರು. ನೀವು ಮಾತ್ರ ಮಾಡ್ಬೇಡಿ."

"ಮಾಡಲ್ಲ. ನನ್ನ ಕಾಲು ನನ್ನ ಮಾತು ಕೇಳುತ್ತೋ ಇಲ್ವೋ, ನನಗೇನು ಗೊತ್ತು?"

"ನಂದೇ ತಪ್ಪು ರೀ. ಆವತ್ತು ಕರೀಬಾರದು ಅಂತಲೇ ಇದ್ದೆ. ನೀವು ತಿರುಗಿ ನೋಡದೆ ಹೊರಟುಬಿಟ್ರಿ. ಬಾಯಿ ತಪ್ಪಿ ಬಂದುಬಿಡ್ತು."

ಕರೀಬಾರದು ಅಂತಲೇ ಇದ್ದವಳು ಬಾಗಿಲಿಗೆ ಯಾಕೆ ಬಂದಿದ್ದಳು ಎಂದು ಕೇಳಬೇಕಿತ್ತು. ತೋಚಲಿಲ್ಲ. "ಮಾತು ಆಡಿದ್ರೆ ಹೋಯ್ತು, ಮುತ್ತು ಒಡೆದ್ರೆ ಹೋಯ್ತು. ಅದನ್ನ ಬಿಡು," ಎಂದೆ. "ನೀನು ಸತ್ರೂ ದನಿ ಹೋಗುತ್ತೆ, ಬದುಕಿದ್ರೂ ಹೋಗುತ್ತೆ. ಬದುಕಿ ನೋಡು. ನಾನು ಹೊರಟೇ ಹೋದ್ರೆ ಬೈಯೋಕಾದ್ರೂ ನೀನಿರಬೇಕಲ್ಲ."

"ಬೈಯೋಕೆ ದನಿ ಎಲ್ಲಿರುತ್ತೆ?"

"ಸೌಟಿದೆಯಲ್ಲ."

ಅವಳು ನಕ್ಕಳು. ಆ ಒಡಕು ನಗು ನನ್ನ ಕಿವಿಯಲ್ಲಿ ಈಗಲೂ ಇದೆ. ಆಪರೇಷನ್ನಿಗೆ ಒಳಗೆ ಒಯ್ಯುವಾಗ ಅವಳು ನನ್ನ ತೋಳು ಹಿಡಿದು ಏನೋ ಹೇಳಲು ಬಾಯಿ ತೆರೆದಳು. ಕರೆಯುತ್ತಾಳೆ ಎಂದುಕೊಂಡೆ. ಹೋಗುವ ದನಿಯ ಕೊನೆಯ ಹನಿಯಲ್ಲಿ ನನ್ನನ್ನು ಕಟ್ಟಿಹಾಕುತ್ತಾಳೆ ಎಂದು ಒಂದು ಮನಸ್ಸು ಹೆದರಿತು, ಇನ್ನೊಂದು ಮನಸ್ಸು ಕಟ್ಟಿಹಾಕಲಿ ಎಂದು ಬೇಡಿಕೊಂಡಿತು. ಅವಳು ಕೇಳಿದ್ದು ಇಷ್ಟೇ: "ಗ್ಯಾಸ್ ಆಫ್ ಮಾಡಿದ್ರಾ?"

ಅದೇ ಅವಳ ಕೊನೆಯ ಮಾತು.

ಅವಳು ಮನೆಗೆ ಬಂದ ಮೇಲೆ ಮೊದಲು ಹೋದದ್ದು ಗಾಳಿ. ಮಧ್ಯಾಹ್ನವಾದರೂ ಹಗ್ಗದ ಬಟ್ಟೆಗಳು ಅಲ್ಲಾಡಲಿಲ್ಲ. ಬಿಚ್ಚಿಟ್ಟ ಛತ್ರಿಗಳು ಯಾರದೋ ದಾರಿ ಕಾಯುವ ಹಾಗೆ ನಿಂತಲ್ಲೇ ನಿಂತವು. ಆಮೇಲೆ ಕ್ಷೌರದಂಗಡಿಯವನ ಗಿಳಿ ಪಂಜರದ ಬಾಗಿಲನ್ನು ಕೊಕ್ಕಿನಿಂದ ತೆಗೆದು, ತಂತಿಯ ಮೇಲೆ ಕೂತು, ಅವನನ್ನು ಒಮ್ಮೆ ಪ್ರೀತಿಯಿಂದಲೇ ನೋಡಿ ಹಾರಿತು. ಬೆಕ್ಕುಗಳು ಒಂದರ ಹಿಂದೆ ಒಂದು ಗೋಡೆಯ ಮೇಲೆ ನಡೆದುಹೋದವು. ಅವಸರವಿಲ್ಲ, ಗದ್ದಲವಿಲ್ಲ. ಅಂಚೆಯವನು ಕೂಸಾಗಿದ್ದಾಗ ಅವಳು ಕರೆದುಕೊಟ್ಟ ನಿದ್ದೆಯೂ ಹೋಯಿತು. ಅವನು ಕೆಲವು ದಿನ ಕೆಂಪು ಕಣ್ಣಿನಲ್ಲಿ ಓಡಾಡಿ, ಆಮೇಲೆ ತನ್ನದೇ ಬೇರೆ ನಿದ್ದೆ ಹುಡುಕಿಕೊಂಡ. ಸ್ವಲ್ಪ ತೆಳ್ಳಗಿದೆ, ಆದರೂ ನಡೆಯುತ್ತದೆ ಎಂದ. ಯಾರೂ ನಮ್ಮ ಮೇಲೆ ಸಿಟ್ಟಾಗಲಿಲ್ಲ. ಕಿಟಕಿಗಳಲ್ಲಿ ನಿಂತು, ತಮ್ಮದೆಂದುಕೊಂಡದ್ದು ಬೆಳಕಿನಲ್ಲಿ ಕರಗಿಹೋಗುವುದನ್ನು ನೋಡುತ್ತಿದ್ದರು. ನೋಡಿ ಮುಗಿಸಿ, ನನ್ನ ಕಡೆ ತಿರುಗುತ್ತಿದ್ದರು.

ಬೇಕರಿಯವನು ತಮಾಷೆ ನಿಲ್ಲಿಸಿದ. ಬನ್ನಿನ ಪೊಟ್ಟಣ ಕೊಡುವಾಗ ನನ್ನ ಕೈಯನ್ನು ಒಂದು ಗಳಿಗೆ ಹಿಡಿದುಕೊಂಡ. ಆಗ ನನಗೆ ನಿಜವಾಗಿ ಹೆದರಿಕೆಯಾಯಿತು.

ಹೆಂಡತಿ ಕಣ್ಣಲ್ಲಿ ಎಣ್ಣೆ ಬಿಟ್ಟುಕೊಂಡು ನನ್ನನ್ನು ಕಾಯಲಿಲ್ಲ. ಕಾಯಬಾರದೆಂದು ನಿರ್ಧರಿಸಿದ್ದಳು. ನಾನು ಎದ್ದಾಗ ಅವಳು ಬೇಕೆಂದೇ ಬೇರೆ ಕಡೆ ನೋಡುತ್ತಿದ್ದಳು. ರಜೆ ಹಾಕಿ ಬಂದಿದ್ದ ಮಗಳು ಒಂದು ದಿನ ತಾಯಿಯ ಕಾಲ ಬಳಿ ಕೂತು, "ಅಮ್ಮ, ಅಪ್ಪನ್ನ ನಾನು ಕರೀಲಾ? ನನ್ನ ದನಿ ಇದೆಯಲ್ಲ, ಇನ್ನೂ ಎಷ್ಟೋ ವರ್ಷ ಇರುತ್ತೆ" ಎಂದಳು. ನನ್ನ ಹೆಂಡತಿ ತನ್ನ ಅಂಗೈಯಿಂದ ಮಗಳ ಬಾಯಿ ಮುಚ್ಚಿದಳು. ಮೆಲ್ಲಗಲ್ಲ, ಗಟ್ಟಿಯಾಗಿ.

ಆ ವಾರದ ಒಂದು ಮಧ್ಯಾಹ್ನ. ಬಿಸಿಲು ನೆಲದ ಮೇಲೆ ಚೌಕಚೌಕವಾಗಿ ಬಿದ್ದಿತ್ತು. ನಾನು ಬ್ರೆಡ್ಡಿಗೆ ಬೆಣ್ಣೆ ಸವರುತ್ತಿದ್ದೆ. ಚಾಕುವನ್ನು ಕೆಳಗಿಟ್ಟೆ. ಯಾಕಿಟ್ಟೆ ಎಂದು ನನಗೇ ತಿಳಿಯಲಿಲ್ಲ. ಎದ್ದೆ. ಚಪ್ಪಲಿ ಕಾಲಿಗೆ ಬಂದವು. ಮೊಳೆಯ ಮೇಲಿನ ಚೀಲ ಭುಜಕ್ಕೆ ಬಂತು. ಅದರ ಧೂಳಿಗೆ ನನಗೆ ಸೀನು ಬಂತು. ಸೀನಿದರೆ ಕನಸು ಒಡೆಯುತ್ತದೆ ಎಂದುಕೊಂಡೆ, ಒಡೆಯಲಿಲ್ಲ.

"ಅಪ್ಪಾ, ಎಲ್ಲಿಗೆ?" ಎಂದಳು ಮಗಳು.

ನನ್ನ ಬಾಯಿಂದ ಮಾವನ ಮಾತು ಬಂತು. "ಒಂದು ಕೆಲಸ ಅರ್ಧಕ್ಕೆ ಬಿಟ್ಟು ಬಂದಿದ್ದೆ ಕಣಮ್ಮ."

ಹೆಂಡತಿ ಮಾವನ ಕುರ್ಚಿಯ ಬೆನ್ನು ಹಿಡಿದು ನಿಂತಿದ್ದಳು. ಅವಳ ಮುಖ ನೋಡಿದೆ. ನಿಲ್ಲಬೇಕು ಎಂದುಕೊಂಡೆ, ಕಾಲಿಗೆ ಅದು ಕೇಳಿಸಲಿಲ್ಲ. ಕಾಲು ನಡೆಯಿತು.

ಬೀದಿ ನೀರಿನೊಳಗಿದ್ದ ಹಾಗಿತ್ತು. ಬೇಕರಿಯವನು ತಟ್ಟೆ ಹಿಡಿದು ನಿಂತವನು ನಿಂತೇ ಇದ್ದ. ಕ್ಷೌರದಂಗಡಿಯ ಕನ್ನಡಿಯಲ್ಲಿ ಚೀಲ ಹೊತ್ತ ಒಬ್ಬ ಹುಡುಗ ಹಾದುಹೋದ. ಅದು ನಾನೇ ಎಂದು ಆಮೇಲೆ ಹೊಳೆಯಿತು. ನನ್ನ ಹೆಜ್ಜೆಯ ಸದ್ದು ನನಗಿಂತ ಮುಂದೆ ಹೋಗುತ್ತಿತ್ತು. ನಲ್ಲಿಯ ಹತ್ತಿರ ಬಂದೆ. ಅಂದು ನಿಂತ ಜಾಗದಲ್ಲಿ ಕಾಲು ನಿಂತಿತು. ಮುಂದೆ ಸೇತುವೆ, ಅದರಾಚೆ ಹೊಗೆಯ ಹಾಗೆ ತೇಲುವ ಊರು. ಕಾಲು ಯಾವಾಗ ಮತ್ತೆ ಹೊರಡುತ್ತದೋ ಎಂದು ಕಾಯುತ್ತಿದ್ದೆ. ಆಗ ಗಂಟಲಲ್ಲಿ ಏನೋ ಅಲುಗಿತು. ಬಾಯಿ ತಾನಾಗಿ ತೆರೆದುಕೊಂಡಿತು. ಇಷ್ಟು ವರ್ಷ ಒಳಗೆ ಸಿಕ್ಕಿಹಾಕಿಕೊಂಡಿದ್ದ ಕೂಗಿನ ಬಾಲ ಹೊರಬಂತು.

"...ರೀ!"

ಅಷ್ಟೇ. ನನ್ನ ಅರ್ಧ ಕೆಲಸ ಅದೇ ಆಗಿತ್ತು.

ನಲ್ಲಿ ತೊಟ್ಟಿಕ್ಕುವ ಸದ್ದು ಕೇಳತೊಡಗಿತು. ಸೈಕಲ್ಲೊಂದು ಗಂಟೆ ಬಾರಿಸಿ ಪಕ್ಕದಲ್ಲಿ ಹೋಯಿತು. ಬಲಗಾಲು ಎತ್ತಿದೆ, ಎದ್ದಿತು. ಇಟ್ಟೆ, ಇಳಿಯಿತು. ಸೇತುವೆಯ ಕಡೆ ಎರಡು ಹೆಜ್ಜೆ ಹೋದೆ, ಯಾವುದೂ ಹಿಡಿಯಲಿಲ್ಲ. ಮನೆಯ ಕಡೆ ತಿರುಗಿದೆ, ಯಾವುದೂ ಎಳೆಯಲಿಲ್ಲ. ಯಾರ ಕರೆಯೂ ಇಲ್ಲದ ಕಾಲು ಎಷ್ಟು ಹಗುರ, ಎಷ್ಟು ಅನಾಥ ಎಂದು ಆಗ ಗೊತ್ತಾಯಿತು. ನಡುಬೀದಿಯಲ್ಲಿ ನಿಂತು ಅತ್ತುಬಿಟ್ಟೆ. ನನಗೆ ಮನೆಗೆ ಹೋಗಬೇಕಿತ್ತು. ಹೋಗಬೇಕೆಂದು ಅನಿಸಿದ್ದು ನನಗೇ, ಇನ್ಯಾರಿಗೂ ಅಲ್ಲ.

ಆದರೆ ಹೋಗಿದ್ದವನು ವಾಪಸು ಬಂದ ಹಾಗೆ ತಲೆ ತಗ್ಗಿಸಿಕೊಂಡು ಒಳಗೆ ನುಗ್ಗಲು ಮನಸ್ಸಾಗಲಿಲ್ಲ. ಒಂದು ಸಲವಾದರೂ ಸರಿಯಾಗಿ ಬರಬೇಕು ಅನ್ನಿಸಿತು. ಮೂಗು ಒರೆಸಿಕೊಂಡೆ. ಚೀಲ ಸರಿಮಾಡಿಕೊಂಡು ಬೀದಿಯೊಳಕ್ಕೆ ತಿರುಗಿ ಗಂಟಲು ಬಿಚ್ಚಿ ಕೂಗಿದೆ.

"ಛತ್ರಿ ರಿಪೇರೀ...! ಮುರಿದ ಕಡ್ಡಿ, ಹರಿದ ಬಟ್ಟೆ... ಛತ್ರಿ ರಿಪೇರೀ!"

ದನಿ ತುಕ್ಕು ಹಿಡಿದಿತ್ತು. ಎರಡನೆಯ ಸಲಕ್ಕೆ ಸರಿಹೋಯಿತು. ಕಿಟಕಿಗಳು ತೆರೆದವು. ಬೇಕರಿಯವನು ತಟ್ಟೆ ಕೆಳಗಿಟ್ಟು, "ಅಯ್ಯೋ ನಿನ್ನ, ಇವನಿಗೆ ತಲೆ ಕೆಟ್ಟಿದೆ!" ಎಂದು ನಕ್ಕುಬಿಟ್ಟ. ನಾನು ಅವನ ಕಡೆ ನೋಡಲಿಲ್ಲ. ಒಂದೊಂದು ಬಾಗಿಲ ಮುಂದೆಯೂ ನಿಂತು ಕೂಗುತ್ತ, ಎಲ್ಲಿಂದಲೋ ಬಂದ ಹೊಸಬನ ಹಾಗೆ ನಮ್ಮ ಮನೆಯ ತನಕ ಬಂದೆ.

ಬಾಗಿಲಲ್ಲಿ ಅವಳು ನಿಂತಿದ್ದಳು. ಕೈಯಲ್ಲಿ ಛತ್ರಿ. ಹಿಂದಿನ ತಿಂಗಳಷ್ಟೇ ನಾನು ನನ್ನ ಕೈಯಾರೆ ಮಾಡಿಕೊಟ್ಟದ್ದು, ಎಲ್ಲೂ ಒಂದು ಗೀರಿಲ್ಲ. ನಾನು ಮೆಟ್ಟಿಲ ಬುಡದಲ್ಲಿ ನಿಂತೆ. ಅವಳು ನನ್ನನ್ನೇ ನೋಡುತ್ತ ಛತ್ರಿಯನ್ನು ಬಿಚ್ಚಿದಳು, ಒಂದು ಕಡ್ಡಿಯನ್ನು ಬೆರಳಿನಲ್ಲಿ ಆರಿಸಿಕೊಂಡಳು, ಮೊಣಕಾಲಿಗೆ ಕೊಟ್ಟು ಟಕ್ಕನೆ ಮುರಿದಳು. ನಟ್ಟನಡುವೆ. ಅಂದಿನ ಹಾಗೆಯೇ.

ಛತ್ರಿಯನ್ನು ನನ್ನ ಕಡೆ ಚಾಚಿದಳು.

ಇಷ್ಟು ವರ್ಷ ಕಡ್ಡಿ ನೋಡಿಯೇ ಹೊಟ್ಟೆ ಹೊರೆದ ನನಗೆ ಆ ಒಂದು ಕಡ್ಡಿಯನ್ನು ಓದಲು ಬಂದಿರಲಿಲ್ಲ. ಕರೆದರೆ ಗಾಳಿಯೇ ಬರುವ ಹೆಣ್ಣು, ನನ್ನನ್ನು ಕರೆಯದೆಯೇ ನಿಲ್ಲಿಸಲು ಒಂದು ನೆಪ ಬೇಕೆಂದು ಹೊಸ ಛತ್ರಿಯನ್ನು ಮುರಿದುಕೊಂಡು ಬಾಗಿಲಿಗೆ ಓಡಿಬಂದಿದ್ದಳು. ಅದಕ್ಕೂ ಮುಂಚೆ ಅವಳಿಗೆ ಕೇಳಿಸಿದ್ದು ನನ್ನ ಕೂಗು.

"ಇದು ಗಾಳಿಗೆ ಮುರಿದದ್ದಲ್ಲವಲ್ಲ," ಎಂದೆ.

ಅವಳ ಭುಜಗಳು ಸದ್ದಿಲ್ಲದೆ ಕುಲುಕಿದವು. ನಗುತ್ತಿದ್ದಳು, ಕೆನ್ನೆ ಒದ್ದೆಯಾಗಿತ್ತು. ಒಳಗೆ ಮಗಳು ತನ್ನ ಬಾಯಿಯನ್ನು ಎರಡೂ ಕೈಯಿಂದ ಮುಚ್ಚಿಕೊಂಡು ನಿಂತಿದ್ದಳು. ನಾನು ಹೋದಾಗಿನಿಂದ ಹಾಗೆಯೇ ನಿಂತಿದ್ದಳಂತೆ, ಎಲ್ಲಿ ತಪ್ಪಿ ಕರೆದುಬಿಡುತ್ತೇನೋ ಎಂದು.

ಯಾರೂ ಕರೆಯಲಿಲ್ಲ. ನಾನು ಚಪ್ಪಲಿ ಬಿಟ್ಟು, ಛತ್ರಿ ತೆಗೆದುಕೊಂಡು ಒಳಗೆ ಹೋದೆ.